ಬೀಡಿನ ಡಚ್ ಅವನ್: ಕೊಳ್ಳುವ ಮುಂಚೆ, ಕೊಂಡ ಮೇಲೆ ಪದೇ ಪದೇ ಕೇಳುವ ಪ್ರಶ್ನೆಗಳು

ಚಿಕ್ಕಮಗಳೂರಿನಿಂದ ಮೂಡಿಗೆರೆ ಕಡೆ ಹೋಗುವ ದಾರಿಯಲ್ಲಿ ನಮ್ಮ ಮನೆ. ಅಡುಗೆಮನೆಯಲ್ಲಿ ಎರಡು ಡಚ್ ಅವನ್ ಇವೆ, ಒಂದು ಬರೀ ಬೀಡಿನದು, ಅಂದರೆ ಎರಕದ ಕಬ್ಬಿಣದ್ದು, ಇನ್ನೊಂದು ಅದರ ಮೇಲೆ ಎನಾಮಲ್ ಅನ್ನುವ ಗಾಜಿನ ಲೇಪ ಇರುವುದು. ಬಂದ ನೆಂಟರೆಲ್ಲ ಒಮ್ಮೆ ಮುಚ್ಚಳ ಎತ್ತಿ ನೋಡುತ್ತಾರೆ, "ಅಬ್ಬಾ, ಏನು ಭಾರ" ಅನ್ನುತ್ತಾರೆ, ಆಮೇಲೆ ಪ್ರಶ್ನೆ ಶುರು. ಊರಿಗೆ ಹೋದ ಮೇಲೂ ಫೋನ್ ಮಾಡಿ ಕೇಳುತ್ತಾರೆ. ಒಂದೇ ಉತ್ತರ ಹತ್ತು ಸಲ ಹೇಳಿ ಸಾಕಾಗಿ, ಎಲ್ಲವನ್ನೂ ಇಲ್ಲಿ ಬರೆದಿಟ್ಟಿದ್ದೇನೆ. ಕೇಳಿದವರ ಮಾತಿನಲ್ಲೇ ಇದೆ.

## ಮೊದಮೊದಲು ಕೇಳುವುದು

ಅಕ್ಕಾ, ಡಚ್ ಅವನ್ ಅಂದ್ರೆ ಓವನ್ನಾ, ಪಾತ್ರೆನಾ?

ಪಾತ್ರೆ. ದಪ್ಪ ಗೋಡೆಯ, ಎರಡು ಕಡೆ ಹಿಡಿ ಇರುವ, ಭಾರದ ಮುಚ್ಚಳ ಸರಿಯಾಗಿ ಕೂರುವ ಬೀಡಿನ ಪಾತ್ರೆ, ಅಷ್ಟೇ. ಹಿಂದೆ ಇದನ್ನು ಕೆಂಡದ ಮೇಲಿಟ್ಟು, ಮುಚ್ಚಳದ ಮೇಲೂ ಕೆಂಡ ಹರಡಿ ರೊಟ್ಟಿ ಬೇಯಿಸುತ್ತಿದ್ದರು, ಹಾಗಾಗಿ ಅವನ್ ಅನ್ನುವ ಹೆಸರು ಅಂಟಿಕೊಂಡಿದೆ.

"ಡಚ್" ಎಲ್ಲಿಂದ ಬಂತು ಅನ್ನುವುದಕ್ಕೆ ಒಂದು ಕಥೆ ಹೇಳುತ್ತಾರೆ. ಇಂಗ್ಲೆಂಡಿನ ಅಬ್ರಹಾಂ ಡಾರ್ಬಿ 1704ರಲ್ಲಿ ಹಾಲೆಂಡಿಗೆ ಹೋಗಿ, ಅಲ್ಲಿಯವರು ಮರಳಿನ ಅಚ್ಚಿನಲ್ಲಿ ಹಿತ್ತಾಳೆ ಎರಕ ಹೊಯ್ಯುವುದನ್ನು ನೋಡಿ ಬಂದ. ಅದೇ ರೀತಿ ಅಗ್ಗದ ಕಬ್ಬಿಣದಲ್ಲಿ ಮಾಡುವುದಕ್ಕೆ 1707ರಲ್ಲಿ ಪೇಟೆಂಟ್ ಪಡೆದ. ಆ ಡಚ್ಚರ ಹೆಸರೇ ಪಾತ್ರೆಗೆ ಬಂತಂತೆ. ಡಚ್ ವ್ಯಾಪಾರಿಗಳು ಹೊತ್ತು ಮಾರಿದ್ದಕ್ಕೆ ಆ ಹೆಸರು ಅನ್ನುವವರೂ ಇದ್ದಾರೆ.

ಬೀಡು ಅಂದ್ರೂ ಕಬ್ಬಿಣ ತಾನೆ? ನಮ್ಮ ರೊಟ್ಟಿ ಹೆಂಚೂ ಕಬ್ಬಿಣದ್ದೇ, ಏನು ವ್ಯತ್ಯಾಸ?

ವ್ಯತ್ಯಾಸ ಇಂಗಾಲದಲ್ಲಿದೆ. ಬೀಡಿನಲ್ಲಿ ನೂರಕ್ಕೆ 2ರಿಂದ 4 ಪಾಲು ಇಂಗಾಲ ಇರುತ್ತದೆ. ಅದರಿಂದ ಶುದ್ಧ ಕಬ್ಬಿಣ 1538 ಡಿಗ್ರಿಗೆ ಕರಗಿದರೆ ಇದು 1200ರ ಆಸುಪಾಸಿನಲ್ಲೇ ಕರಗಿ ನೀರಾಗುತ್ತದೆ, ಅಚ್ಚಿಗೆ ಹೊಯ್ಯಲು ಸುಲಭ. ಅದೇ ಇಂಗಾಲ ಒಳಗೆ ಸಣ್ಣ ಸಣ್ಣ ಗ್ರಾಫೈಟ್ ಚಕ್ಕೆಯಾಗಿ ಕೂತಿರುವುದರಿಂದ ಬೀಡು ಪೆಡಸು. ತಗಡಿನ ಹೆಂಚು ಬಿದ್ದರೆ ನೆಗ್ಗುತ್ತದೆ, ಬೀಡು ಬಿದ್ದರೆ ಒಡೆಯುತ್ತದೆ. ಸಿಮೆಂಟ್ ನೆಲದ ಮೇಲೆ ಕೈಜಾರಿಸಿ ಎರಡು ಹೋಳು ಮಾಡಿದವರನ್ನು ನಾನೇ ನೋಡಿದ್ದೇನೆ.

ನಮ್ಮ ಕಡೆಯವರಿಗೆ ಇದು ಪರದೇಶದ ವಸ್ತು ಏನಲ್ಲ. ಭದ್ರಾವತಿಯ ಕಬ್ಬಿಣದ ಕಾರ್ಖಾನೆ 1923ರಲ್ಲಿ ಶುರುವಾದಾಗ ಕುಲುಮೆಗೆ ಹೋಗುತ್ತಿದ್ದ ಅದಿರು ನಮ್ಮ ಜಿಲ್ಲೆಯ ಕೆಮ್ಮಣ್ಣುಗುಂಡಿಯದು, ಉರಿಸುತ್ತಿದ್ದದ್ದು ಮಲೆನಾಡಿನ ಕಾಡಿನ ಇದ್ದಿಲು. ಹೊರಗೆ ಬರುತ್ತಿದ್ದದ್ದು ಇಂಗಾಲ ತುಂಬಿದ ಇಂಥದ್ದೇ ಕಬ್ಬಿಣ. ಮುಚ್ಚಳವೊಂದು ಬಿಟ್ಟರೆ ಡಚ್ ಅವನ್ ಅಜ್ಜಿಯ ಬೀಡಿನ ಕಾವಲಿಯ ತಂಗಿ. ಕಾವಲಿ ನೋಡಿಕೊಳ್ಳಲು ಬಂದವರಿಗೆ ಇದೂ ಬರುತ್ತದೆ.

ಮನೇಲಿ ಹಳೇ ಬೀಡಿನ ಬಾಂಡ್ಲಿ ಇದೆ. ಅದಕ್ಕೇ ಒಂದು ತಟ್ಟೆ ಮುಚ್ಚಿದರೆ ಸಾಲಲ್ವಾ?

ಮುಕ್ಕಾಲು ಪಾಲು ಅಡುಗೆಗೆ ಸಾಲುತ್ತದೆ. ಸುಮ್ನೆ ದುಡ್ಡು ಹಾಕಬೇಡಿ. ವ್ಯತ್ಯಾಸ ಗೊತ್ತಾಗುವುದು ಎರಡು ಗಂಟೆ ಸಣ್ಣ ಉರಿಯಲ್ಲಿ ಬೇಯುವ ಅಡುಗೆಯಲ್ಲಿ. ಸ್ಟೀಲ್ ತಟ್ಟೆಯ ಸುತ್ತ ಹಬೆ ಹೋಗುತ್ತಲೇ ಇರುತ್ತದೆ, ನೀರು ಹಾಕುತ್ತಲೇ ಇರಬೇಕು. ಡಚ್ ಅವನ್ನಿನ ಮುಚ್ಚಳವೇ ಒಂದೂವರೆ ಎರಡು ಕೆಜಿ. ಹಬೆ ಅದಕ್ಕೆ ತಾಗಿ ಹನಿಯಾಗಿ ವಾಪಸ್ ಸಾರಿಗೇ ಬೀಳುತ್ತದೆ. ಕೆಲವು ಮುಚ್ಚಳಗಳ ಒಳಗೆ ಸಣ್ಣ ಮೊಳೆಯಂಥ ಗುಬುಟುಗಳಿರುತ್ತವೆ, ಹನಿ ಒಂದೇ ಕಡೆ ಇಳಿಯದೆ ಎಲ್ಲ ಕಡೆ ಬೀಳಲಿ ಅಂತ.

ಬಾಂಡ್ಲಿಯಲ್ಲೇ ಪರೀಕ್ಷೆ ಮಾಡಬೇಕಾದರೆ ತಟ್ಟೆ ಮುಚ್ಚಿ ಸುತ್ತ ಗೋಧಿಹಿಟ್ಟಿನ ಕಣಕ ಮೆತ್ತಿ, ಮೇಲೆ ಒಂದು ರುಬ್ಬುಗುಂಡು ಇಡಿ. ಆ ರುಚಿ ಹಿಡಿಸಿದರೆ ಆಮೇಲೆ ಕೊಳ್ಳುವ ಯೋಚನೆ ಮಾಡಿ.

ಕುಕ್ಕರ್ ಇರುವಾಗ ಇದ್ಯಾಕೆ?

ಬೇಳೆಗೆ, ಕಾಳಿಗೆ ಕುಕ್ಕರೇ ಸರಿ, ಅದರಲ್ಲಿ ವಾದ ಇಲ್ಲ. ನಮ್ಮೂರು ಸಮುದ್ರಮಟ್ಟದಿಂದ ಸುಮಾರು ಸಾವಿರ ಮೀಟರ್ ಮೇಲಿದೆ, ಹಾಸನವೂ ಹೆಚ್ಚುಕಡಿಮೆ ಅಷ್ಟೇ ಎತ್ತರ. ಇಲ್ಲಿ ನೀರು 100ಕ್ಕಲ್ಲ, 97 ಡಿಗ್ರಿ ಹತ್ತಿರವೇ ಕುದಿಯುತ್ತದೆ. ತೆರೆದ ಪಾತ್ರೆಯಾಗಲಿ ಡಚ್ ಅವನ್ ಆಗಲಿ ಅದಕ್ಕಿಂತ ಮೇಲೆ ಹೋಗುವುದಿಲ್ಲ. ಕುಕ್ಕರ್ ಒತ್ತಡದಿಂದ 120ರ ಹತ್ತಿರ ಏರುತ್ತದೆ. ಕಡಲೆಕಾಳನ್ನು ಡಚ್ ಅವನ್ನಿನಲ್ಲಿ ಬೇಯಿಸಲು ಕೂತರೆ ಮಧ್ಯಾಹ್ನದ ಊಟ ಸಂಜೆಗೆ.

ನಾಟಿ ಕೋಳಿ, ಮಟನ್, ಎಳೆ ಹಲಸಿನಕಾಯಿ, ದಮ್ ಬಿರಿಯಾನಿ, ಇವಕ್ಕೆ ಮಾತ್ರ ಕುಕ್ಕರಿನಲ್ಲಿ ಆ ರುಚಿ ಬರುವುದಿಲ್ಲ. ಒಂದೇ ಪಾತ್ರೆಯಲ್ಲಿ ಈರುಳ್ಳಿ ಚೆನ್ನಾಗಿ ಕೆಂಪಗೆ ಹುರಿದು, ಮಾಂಸ ಬಾಡಿಸಿ, ಮಸಾಲೆ ಹಾಕಿ, ಮುಚ್ಚಿ, ಉರಿ ಸಣ್ಣ ಮಾಡಿ ಮರೆತುಬಿಡಬಹುದು. ನಡುವೆ ಮುಚ್ಚಳ ತೆಗೆದು ನೋಡಬಹುದು, ರುಚಿ ನೋಡಬಹುದು, ಗಟ್ಟಿಯಾಗಲಿ ಅಂತ ಸ್ವಲ್ಪ ಓರೆ ಇಡಬಹುದು. ವಿಸಿಲ್ ಎಣಿಸುತ್ತಾ ನಿಲ್ಲಬೇಕಾಗಿಲ್ಲ.

ಬೀಡಿನಲ್ಲಿ ಮಾಡಿದ್ದು ತಿಂದರೆ ರಕ್ತ ಜಾಸ್ತಿ ಆಗುತ್ತಂತೆ, ಹೌದಾ?

ಅಡುಗೆಗೆ ಕಬ್ಬಿಣದ ಅಂಶ ಸೇರುವುದು ನಿಜ. ಹುಳಿ ಇದ್ದರೆ, ನೀರು ಜಾಸ್ತಿ ಇದ್ದರೆ, ಹೆಚ್ಚು ಹೊತ್ತು ಬೆಂದರೆ ಜಾಸ್ತಿ ಸೇರುತ್ತದೆ. ಹೊಸ ಪಾತ್ರೆಯಿಂದ ಜಾಸ್ತಿ, ಎಣ್ಣೆಯ ಪದರ ಕಟ್ಟಿ ಚೆನ್ನಾಗಿ ಪಳಗಿದ್ದರಿಂದ ಕಡಿಮೆ, ಎನಾಮಲ್ ಇರುವುದರಿಂದ ಇಲ್ಲವೇ ಇಲ್ಲ. ಆದರೆ ಡಾಕ್ಟರ್ ಮಾತ್ರೆ ಬರೆದುಕೊಟ್ಟಿದ್ದರೆ ಮಾತ್ರೆ ನಿಲ್ಲಿಸಿ ಪಾತ್ರೆ ನೆಚ್ಚಿಕೊಳ್ಳಬೇಡಿ. ಥಲಸ್ಸೀಮಿಯಾ ಇರುವವರು, ಮೈಯಲ್ಲಿ ಕಬ್ಬಿಣ ತುಂಬಿಕೊಳ್ಳುವ ತೊಂದರೆ ಇರುವವರು ಮೊದಲು ಡಾಕ್ಟರನ್ನು ಕೇಳಿ.

## ಕೊಳ್ಳುವಾಗ

ಬರೀ ಬೀಡಿನದು ತಗೊಳ್ಳಲಾ, ಎನಾಮಲ್ ತಗೊಳ್ಳಲಾ? ಒಂದೇ ಮಾತಲ್ಲಿ ಹೇಳಿ.

ಒಂದೇ ಮಾತಲ್ಲಿ ಆಗುವುದಿಲ್ಲ, ಒಂದು ಪ್ರಶ್ನೆ ಕೇಳುತ್ತೇನೆ: ನಿಮ್ಮ ಮನೆಯಲ್ಲಿ ಪಾತ್ರೆ ತೊಳೆಯುವವರು ಯಾರು?

ನೀವೇ ತೊಳೆದು, ಒಲೆ ಮೇಲಿಟ್ಟು ಒಣಗಿಸಿ, ಎಣ್ಣೆ ಸವರಿ ಇಡುವವರಾದರೆ ಬರೀ ಬೀಡು ತಗೊಳ್ಳಿ. ಕಡಿಮೆ ಬೆಲೆ, ಸೌದೆ ಒಲೆಗೂ ಆಗುತ್ತದೆ, ಕೆಟ್ಟರೆ ಮತ್ತೆ ಸರಿಮಾಡಬಹುದು, ಮೊಮ್ಮಕ್ಕಳ ಕಾಲಕ್ಕೂ ಇರುತ್ತದೆ. ತೊಳೆಯುವವರು ಬೇರೆ, ಪಾತ್ರೆ ಸಿಂಕಿನಲ್ಲಿ ನೀರು ತುಂಬಿಕೊಂಡು ಮಧ್ಯಾಹ್ನದವರೆಗೆ ಕೂತಿರುತ್ತದೆ ಅನ್ನುವ ಮನೆಯಾದರೆ ಎನಾಮಲ್ಲೇ ಸರಿ. ನಮ್ಮ ಊಟದಲ್ಲಿ ಹುಣಸೆಹುಳಿ, ಟೊಮ್ಯಾಟೊ ಇಲ್ಲದ ದಿನ ಕಡಿಮೆ, ಅದಕ್ಕೂ ಎನಾಮಲ್ ಒಳ್ಳೆಯದು. ಗಾಜಿನ ಪುಡಿಯನ್ನು ಸುಮಾರು 800 ಡಿಗ್ರಿಯಲ್ಲಿ ಬೀಡಿನ ಮೇಲೆ ಕರಗಿಸಿ ಕೂರಿಸಿರುತ್ತಾರೆ. ಹುಳಿ ಅದಕ್ಕೆ ಏನೂ ಮಾಡುವುದಿಲ್ಲ. ಆದರೆ ಗಾಜು ಗಾಜೇ, ಏಟು ಬಿದ್ದರೆ ಚಕ್ಕೆ ಏಳುತ್ತದೆ, ಎದ್ದ ಚಕ್ಕೆಯನ್ನು ಯಾರೂ ಮತ್ತೆ ಕೂರಿಸಿಕೊಡುವುದಿಲ್ಲ.

ನನ್ನನ್ನು ಕೇಳಿದರೆ, ಮೊದಲ ಸಲ ಕೊಳ್ಳುವವರು ಎನಾಮಲ್ ತಗೊಳ್ಳಿ. ಬರೀ ಬೀಡು ತಂದು ತುಕ್ಕು ಹಿಡಿಸಿ ಅಟ್ಟಕ್ಕೆ ಹಾಕಿದವರನ್ನು ಬೇಕಾದಷ್ಟು ನೋಡಿದ್ದೇನೆ.

ನಾವು ನಾಲ್ಕು ಜನ. ಎಷ್ಟು ಲೀಟರಿಂದು ಬೇಕು?

ಐದು ಲೀಟರ್ ಆಸುಪಾಸು, ಬಾಯಿ 26 ಸೆಂಟಿಮೀಟರ್. ಇಬ್ಬರೇ ಇದ್ದರೆ ನಾಲ್ಕು ಲೀಟರ್, 24 ಸೆಂಟಿಮೀಟರ್ ಸಾಕು. "ಹಬ್ಬಕ್ಕೆ ನೆಂಟರು ಬಂದರೆ" ಅಂತ ಏಳು ಲೀಟರಿನದು ತರಬೇಡಿ, ಹಬ್ಬಕ್ಕೆ ಹೇಗೂ ದೊಡ್ಡ ಡಬರಿ ಇರುತ್ತದೆ ಅಲ್ವಾ?

ಲೆಕ್ಕ ಹಾಕಬೇಕಾದದ್ದು ತೂಕ. ಐದು ಲೀಟರಿನದು ಮುಚ್ಚಳ ಸೇರಿ 5ರಿಂದ 6 ಕೆಜಿ. ಮೂರು ಲೀಟರ್ ಸಾರು ತುಂಬಿದರೆ ಒಂಬತ್ತು ಕೆಜಿ ಹತ್ತಿರ, ಅದೂ ಬಿಸಿ. ಕೀಲು ನೋವಿರುವ ಅತ್ತೆ, ಅಮ್ಮ ಅದನ್ನು ಕಟ್ಟೆಯಿಂದ ಎತ್ತಿ ಬಗ್ಗಿಸಬೇಕು ಅನ್ನುವುದು ನೆನಪಿರಲಿ. ಅಂಗಡಿಯಲ್ಲಿ ಖಾಲಿ ಪಾತ್ರೆಯನ್ನು ಕೈ ಚಾಚಿ ಹಿಡಿದು ಹತ್ತು ಎಣಿಸಿ ನೋಡಿ. ಮಣಿಕಟ್ಟು ನಡುಗಿದರೆ ಒಂದು ಸೈಜ್ ಕೆಳಗಿನದು ತಗೊಳ್ಳಿ.

ಅಂಗಡಿಯಲ್ಲಿ ಕೈಗೆ ತಗೊಂಡಾಗ ಏನೇನು ನೋಡಬೇಕು?

ಮಡಕೆ ಕೊಳ್ಳುವಾಗ ಬೆರಳಿನಿಂದ ಬಡಿದು ನೋಡುತ್ತೇವಲ್ಲ, ಹಾಗೇ. ಪಾತ್ರೆಯನ್ನು ಒಂದು ಹಿಡಿಯಲ್ಲಿ ತೂಗಾಡಿಸಿ ಮರದ ಸೌಟಿನಿಂದ ಮೆಲ್ಲಗೆ ಬಡಿಯಿರಿ. ಗಂಟೆಯ ಹಾಗೆ ನಾದ ಉಳಿಯಬೇಕು. ಒಡಕು ದನಿ ಬಂದರೆ ಎಲ್ಲೋ ಕೂದಲಿನಂಥ ಬಿರುಕಿದೆ. ಆಯಸ್ಕಾಂತ ಅಂಟುತ್ತದಾ ನೋಡಿ. ಕಪ್ಪು ಬಣ್ಣ ಬಳಿದ ಅಲ್ಯೂಮಿನಿಯಂ ಎರಕವನ್ನು ಬೀಡು ಅಂತ ಒಬ್ಬರು ನಮಗೆ ಮಾರಲು ನೋಡಿದ್ದರು, ತೂಕದಲ್ಲೇ ಸಿಕ್ಕಿಬಿದ್ದರು.

ಮುಚ್ಚಳ ಹಾಕಿ ಬೆರಳಿನಿಂದ ಅಂಚು ಒತ್ತುತ್ತಾ ಒಂದು ಸುತ್ತು ಬನ್ನಿ. ಕುಟುಕುಟು ಅಲ್ಲಾಡಿದರೆ ಬೇಡ. ಮಸಿಬಟ್ಟೆ ಸುತ್ತಿದ ಕೈಬೆರಳು ಹಿಡಿಯೊಳಗೆ ಹೋಗಬೇಕು, ಇದನ್ನು ಜನ ಮರೆಯುತ್ತಾರೆ, ಬಿಸಿ ಪಾತ್ರೆ ಎತ್ತುವಾಗ ನೆನಪಾಗುತ್ತದೆ. ಒಳಗೆ ಬಿಳಿ ಬಟ್ಟೆಯಿಂದ ಒರೆಸಿ. ಸ್ವಲ್ಪ ಕಪ್ಪು ಬಂದರೆ ಪರವಾಗಿಲ್ಲ. ಪೇಂಟಿನ ವಾಸನೆ ಬಂದರೆ, ಪದರ ಎದ್ದರೆ ವಾಪಸ್ ಇಡಿ. ಎನಾಮಲ್ ಆದರೆ ಒಳಗೆ ಸೂಜಿಮೊನೆಯಷ್ಟು ತೂತು, ಗುಳ್ಳೆ ಇದೆಯಾ ಬೆಳಕಿಗೆ ಹಿಡಿದು ನೋಡಿ. ಬಾಯಿಯ ಅಂಚಿನಲ್ಲಿ ಮಾತ್ರ ಕಪ್ಪಾಗಿ ಮಂಕಾಗಿ ಇರುವುದು ಸಾಮಾನ್ಯ, ಅದು ದೋಷವಲ್ಲ.

ಅಕ್ಕಾ, ಆ ಫ್ರಾನ್ಸ್‌ದಕ್ಕೆ ಅಷ್ಟೊಂದು ದುಡ್ಡು ಕೊಡಬೇಕಾ?

ಬರೀ ಬೀಡಿನದಾದರೆ ಖಂಡಿತ ಬೇಡ. ಅಮೆರಿಕದ ಲಾಡ್ಜ್ 1896ರಿಂದ ಬೀಡಿನ ಪಾತ್ರೆ ಮಾಡುತ್ತಿದೆ, ಚೆನ್ನಾಗಿದೆ, ನಿಜ. ಆದರೆ ನಮ್ಮ ದೇಶದ ಎರಕದ ಪಾತ್ರೆ ಮೇಲೆ ಹೇಳಿದ ಪರೀಕ್ಷೆಯಲ್ಲಿ ಪಾಸಾದರೆ ಕೋಳಿ ಸಾರಿನ ರುಚಿಯಲ್ಲಿ ನಿಮಗೇನೂ ವ್ಯತ್ಯಾಸ ಗೊತ್ತಾಗುವುದಿಲ್ಲ.

ಎನಾಮಲ್ಲಿನಲ್ಲಿ ಮಾತ್ರ ದುಡ್ಡಿಗೆ ಸ್ವಲ್ಪ ಬೆಲೆ ಇದೆ. ಫ್ರಾನ್ಸಿನಲ್ಲಿ 1925ರಲ್ಲಿ ಶುರುವಾದ ಲೆ ಕ್ರೂಸೆ, 1974ರ ಸ್ಟೌಬ್, ಇವರ ಲೇಪ ಗಟ್ಟಿ. ಲೆ ಕ್ರೂಸೆಯದು ಅದೇ ಅಳತೆಗೆ ತೂಕವೂ ಕಡಿಮೆ. ಅಗ್ಗದ್ದರಲ್ಲಿ ಅಂಚಿನ ಚಕ್ಕೆ ಬೇಗ ಏಳುತ್ತದೆ. ಹಾಗಂತ ಹತ್ತು ಪಟ್ಟು ಬೆಲೆಗೆ ಹತ್ತು ಪಟ್ಟು ರುಚಿಯಾಗುವುದಿಲ್ಲ. ನಮ್ಮದು ಮಧ್ಯಮ ಬೆಲೆಯದು, ಎಂಟನೇ ವರ್ಷ, ಹೊರಗೆ ಒಂದು ಚಕ್ಕೆ ಬಿಟ್ಟರೆ ಚೆನ್ನಾಗಿದೆ.

## ದಿನದ ಬಳಕೆ

ಹೊಸದು ತಂದೆ. ಅಮ್ಮ ಮೂರು ದಿನ ಗಂಜಿ ಹಾಕಿಡು ಅಂತಾರೆ, ವಿಡಿಯೋದಲ್ಲಿ ಎಣ್ಣೆ ಹಚ್ಚಿ ಸುಡಿ ಅಂತಾರೆ. ಯಾವುದು ಸರಿ?

ಅಮ್ಮ ಹೇಳುವುದು ಎರಕದ ಮನೆಯಿಂದ ಹಾಗೇ ಬಂದ, ಮಣ್ಣು ಮಸಿ ಮೆತ್ತಿದ ಕಾವಲಿಯ ಕಾಲದ ಮಾತು. ಹುಳಿ ಬಂದ ಗಂಜಿ ಆ ಕೊಳೆ, ಸಣ್ಣ ತುಕ್ಕು ಎಲ್ಲ ಬಿಡಿಸುತ್ತದೆ. ಅದು ತೊಳೆಯುವ ಕೆಲಸ. ಪಳಗಿಸುವುದು ಬೇರೆ. ಎಣ್ಣೆಯ ತೆಳು ಪದರ ಬಿಸಿಗೆ ಗಟ್ಟಿಯಾಗಿ, ಹೆಚ್ಚುಕಡಿಮೆ ವಾರ್ನಿಶ್ ಹಾಗೆ, ಕಬ್ಬಿಣಕ್ಕೆ ಕಚ್ಚಿಕೊಳ್ಳಬೇಕು. ಈಗ ಬರುವ ಎಷ್ಟೋ ಪಾತ್ರೆ ಪಳಗಿಸಿಯೇ ಬರುತ್ತವೆ, ಅವನ್ನು ಗಂಜಿಯಲ್ಲಿ ಮೂರು ದಿನ ನೆನೆಸಿದರೆ ಇದ್ದ ಪದರವೂ ಹೋಗುತ್ತದೆ.

ಮಾಡುವ ರೀತಿ ಇದು. ಬಿಸಿನೀರು, ಸೋಪು ಹಾಕಿ ಒಮ್ಮೆ ಚೆನ್ನಾಗಿ ತೊಳೆಯಿರಿ. ಒಲೆ ಮೇಲಿಟ್ಟು ಪೂರ್ತಿ ಒಣಗಿಸಿ. ಕೈ ಸುಡದಷ್ಟು ಬೆಚ್ಚಗಿರುವಾಗ ಒಂದು ಚಮಚ ಸೂರ್ಯಕಾಂತಿ ಅಥವಾ ಕಡಲೆಕಾಯಿ ಎಣ್ಣೆಯನ್ನು ಒಳಗೆ, ಹೊರಗೆ, ಮುಚ್ಚಳಕ್ಕೆ, ಹಿಡಿಗೆ ಎಲ್ಲ ಕಡೆ ಸವರಿ. ಆಮೇಲೆ ಒಣಬಟ್ಟೆಯಿಂದ ಒರೆಸಿ. ಇನ್ನೂ ಒರೆಸಿ. ಎಣ್ಣೆ ಹಚ್ಚಿದ್ದೇ ಸುಳ್ಳು ಅನ್ನಿಸಬೇಕು, ಅಷ್ಟು. ಓಟಿಜಿಯಲ್ಲಿ, ಅಂದರೆ ಕರೆಂಟಿನ ಸಣ್ಣ ಓವನ್ನಿನಲ್ಲಿ, ಬೋರಲು ಹಾಕಿ 220-230 ಡಿಗ್ರಿಯಲ್ಲಿ ಒಂದು ಗಂಟೆ ಇಟ್ಟು, ಅಲ್ಲೇ ಆರಲು ಬಿಡಿ. ಇದೇ ರೀತಿ ಮೂರು ಸಲ.

ಓಟಿಜಿ ಇಲ್ಲದಿದ್ದರೆ ಗ್ಯಾಸಿನ ಮೇಲೆ ಹೊಗೆ ಏಳುವವರೆಗೆ ಕಾಯಿಸಿ, ಅರ್ಧ ಈರುಳ್ಳಿ ಚುಚ್ಚಿಕೊಂಡು ಎಣ್ಣೆ ಉಜ್ಜಿ. ತಳ ಚೆನ್ನಾಗಿ ಪಳಗುತ್ತದೆ, ಗೋಡೆ ಅಷ್ಟಕ್ಕಷ್ಟೆ. ಕಿಟಕಿ ತೆಗೆದಿಡಿ. ತೆಂಗಿನೆಣ್ಣೆ ಇದಕ್ಕೆ ಬೇಡ, ಅದು ಗಟ್ಟಿ ಪದರ ಕಟ್ಟುವ ಜಾತಿಯದಲ್ಲ. ಅಗಸೆ ಎಣ್ಣೆ ಚೆಂದದ ಪದರ ಕಟ್ಟುತ್ತದೆ, ಆದರೆ ಆಮೇಲೆ ಹಪ್ಪಳದ ಹಾಗೆ ಏಳುತ್ತದೆ. ಮೊದಲ ಒಂದು ತಿಂಗಳು ಬೋಂಡ, ಈರುಳ್ಳಿ ಬಾಡಿಸುವುದು, ಕೋಳಿ ಹುರಿಯುವುದು, ಇಂಥ ಎಣ್ಣೆಯ ಅಡುಗೆಯೇ ಮಾಡಿ. ಎನಾಮಲ್ ಪಾತ್ರೆಗೆ ಈ ಪಾಡು ಯಾವುದೂ ಇಲ್ಲ.

ಹುಳಿ ಸಾರು, ಟೊಮ್ಯಾಟೊ ಗೊಜ್ಜು ಮಾಡಬಹುದಾ? ನಮ್ಮ ಬಾಳೆಹೂವಿನ ಪಲ್ಯ ಕರ್ರಗಾಯಿತು!

ಎನಾಮಲ್ಲಿನಲ್ಲಿ ಏನು ಬೇಕಾದರೂ ಮಾಡಿ. ಬರೀ ಬೀಡಿನಲ್ಲಿ, ಚೆನ್ನಾಗಿ ಪಳಗಿದ್ದರೆ, ಕೊನೆಯಲ್ಲಿ ಹುಣಸೆರಸ ಹಾಕಿ ಹತ್ತು ನಿಮಿಷ ಕುದಿಸಿ ತಕ್ಷಣ ಬೇರೆ ಪಾತ್ರೆಗೆ ಬಗ್ಗಿಸಬಹುದು. ಒಂದು ಗಂಟೆ ಟೊಮ್ಯಾಟೊ ಕುದಿಸಿದರೆ ಪಳಗಿದ ಪದರ ಕರಗುತ್ತದೆ, ಬಾಯಿಗೆ ಮೊಳೆ ನೆಕ್ಕಿದ ರುಚಿ. ಮಾವಿನಕಾಯಿ, ಪುನರ್ಪುಳಿಯೂ ಹಾಗೇ. ರಾತ್ರಿ ಉಳಿದ ಸಾರನ್ನು ಅದರಲ್ಲೇ ಬಿಟ್ಟು ಮಲಗಬೇಡಿ.

ಪಲ್ಯ ಕಪ್ಪಾದದ್ದು ಬೇರೆ ಕಾರಣಕ್ಕೆ. ಬಾಳೆಹೂವು, ಬಾಳೆಕಾಯಿ, ನೆಲ್ಲಿಕಾಯಿಯಲ್ಲಿ ಒಗರು ಇದೆಯಲ್ಲ, ಆ ಒಗರು ಕಬ್ಬಿಣದ ಜತೆ ಸೇರಿದರೆ ಮಸಿಯಾಗುತ್ತದೆ. ಮಸಿ ಅಂದರೆ ನಿಜವಾದ ಮಸಿ. ಹಿಂದೆ ಅಳಲೆಕಾಯಿಯ ಕಷಾಯಕ್ಕೆ ಕಬ್ಬಿಣದ ಉಪ್ಪು ಸೇರಿಸಿ ಬರೆಯುವ ಶಾಯಿ ಮಾಡುತ್ತಿದ್ದದ್ದು ಇದೇ ಗುಟ್ಟಿನಿಂದ. ವಿಷವೇನಲ್ಲ, ನೋಡಲು ಚೆನ್ನಾಗಿರುವುದಿಲ್ಲ ಅಷ್ಟೇ.

ಉರಿ ಎಷ್ಟಿಡಬೇಕು? ಇಂಡಕ್ಷನ್ ಮೇಲೆ ಆಗುತ್ತಾ?

ಸಣ್ಣ ಉರಿ, ಅಬ್ಬಬ್ಬಾ ಅಂದರೆ ಮಧ್ಯಮ. ಬೀಡಿನಲ್ಲಿ ಬಿಸಿ ಹರಡುವುದು ನಿಧಾನ, ಅಲ್ಯೂಮಿನಿಯಂನ ನಾಲ್ಕರಲ್ಲಿ ಒಂದು ಪಾಲಿಗಿಂತಲೂ ಕಡಿಮೆ ವೇಗ. ಜೋರು ಉರಿ ಇಟ್ಟರೆ ಬರ್ನರ್ ಮೇಲಿನ ಒಂದು ಉಂಗುರ ಸೀಯುತ್ತದೆ, ಬದಿ ತಣ್ಣಗೇ ಇರುತ್ತದೆ. ಐದಾರು ನಿಮಿಷ ಸಣ್ಣ ಉರಿಯಲ್ಲಿ ಕಾಯಲು ಬಿಡಿ. ಒಮ್ಮೆ ಕಾದರೆ ಬಿಸಿ ಬಿಡುವುದೂ ನಿಧಾನವೇ, ಹಾಗಾಗಿ ಅಡುಗೆ ಆಗಲು ಹತ್ತು ನಿಮಿಷ ಇರುವಾಗಲೇ ಒಲೆ ಆರಿಸಬಹುದು. ಸಿಲಿಂಡರ್ ಒಂದೆರಡು ದಿನ ಜಾಸ್ತಿ ಬರುತ್ತದೆ ಅಂತ ನನ್ನ ಲೆಕ್ಕ, ಮನೆಯವರು ಒಪ್ಪುವುದಿಲ್ಲ.

ಇಂಡಕ್ಷನ್ ಮೇಲೆ ಚೆನ್ನಾಗಿ ಆಗುತ್ತದೆ. ಎತ್ತಿ ಇಡಿ, ಎಳೆಯಬೇಡಿ, ಗಾಜಿನ ಮೇಲೆ ಗೆರೆ ಬೀಳುತ್ತದೆ. ಎನಾಮಲ್ ಪಾತ್ರೆಯನ್ನು ಖಾಲಿ ಕಾಯಿಸಬೇಡಿ, ಎಣ್ಣೆಯೋ ನೀರೋ ಹಾಕಿಯೇ ಒಲೆ ಹೊತ್ತಿಸಿ. ಬಿಸಿ ಪಾತ್ರೆಗೆ, ಅದು ಯಾವುದೇ ಆಗಿರಲಿ, ತಣ್ಣೀರು ಸುರಿಯಬೇಡಿ. ಜನವರಿ ಚಳಿಯ ನಲ್ಲಿ ನೀರಂತೂ ಬೇಡವೇ ಬೇಡ.

ಇದರಲ್ಲಿ ಮುದ್ದೆ ತೊಳಸಬಹುದಾ?

ಹಾಸನದ ಕಡೆಯವರೆಲ್ಲ ಕೇಳುವ ಪ್ರಶ್ನೆ ಇದು. ತೊಳಸಬಹುದು, ಹಿಟ್ಟು ಹದವಾಗಿ ಬೇಯುತ್ತದೆ, ತಳ ಬೇಗ ಸೀಯುವುದಿಲ್ಲ. ರಾಗಿ ಹೇಗೂ ಕಂದು, ಬಣ್ಣದ ಚಿಂತೆ ಇಲ್ಲ. ಕೋಲು ಮರದ್ದೇ ಇರಲಿ. ಆದರೆ ನೆಲಕ್ಕಿಳಿಸಿ, ಕವೆಗೋಲಿನಲ್ಲಿ ಒತ್ತಿ ಹಿಡಿದು ಬಲ ಹಾಕಿ ತಿರುವುವವರಾದರೆ ಎನಾಮಲ್ ಪಾತ್ರೆ ಮುಟ್ಟಬೇಡಿ, ಅಂಚು ಚಕ್ಕೆ ಏಳುತ್ತದೆ. ನಿಜ ಹೇಳಬೇಕೆಂದರೆ ದಿನಾ ಮುದ್ದೆಗೆ ಹಳೇ ಅಲ್ಯೂಮಿನಿಯಂ ಪಾತ್ರೆಯೇ ಹಗುರ, ಸುಲಭ.

ಹಾಸನದವರಿಗೆ ಇನ್ನೊಂದು ಹೇಳುತ್ತೇನೆ. ಮಳೆಗಾಲದ ಹೊಸ ಆಲೂಗಡ್ಡೆ ಬಂದಾಗ ಸಿಪ್ಪೆ ಸಮೇತ ತೊಳೆದು ಒರೆಸಿ, ನೀರು ಹಾಕದೆ, ಸ್ವಲ್ಪ ಎಣ್ಣೆ ಸವರಿ ಬರೀ ಬೀಡಿನ ಪಾತ್ರೆಯಲ್ಲಿ ಮುಚ್ಚಿ ಮುಕ್ಕಾಲು ಗಂಟೆ ಸಣ್ಣ ಉರಿಯಲ್ಲಿ ಬಿಡಿ, ನಡುವೆ ಒಂದೆರಡು ಸಲ ಕುಲುಕಿ. ಬೂದಿಯಲ್ಲಿ ಸುಟ್ಟ ಗೆಡ್ಡೆಯ ರುಚಿಗೆ ಹತ್ತಿರ ಬರುತ್ತದೆ.

ಸೋಪು ಮುಟ್ಟಿಸಬಾರದಂತೆ. ಹಾಗಾದರೆ ಬೂದಿ ಹಾಕಿ ತಿಕ್ಕಲಾ?

ಇದು ಪೂರ್ತಿ ತಲೆಕೆಳಗು. ಈಗಿನ ಪಾತ್ರೆ ತೊಳೆಯುವ ದ್ರವದ ಸೋಪು ಎರಡು ಹನಿ ಹಾಕಿದರೆ ಏನೂ ಆಗುವುದಿಲ್ಲ. ಪಳಗಿದ ಪದರ ಬರೀ ಎಣ್ಣೆಯಲ್ಲ, ಗಟ್ಟಿಯಾದ ಎಣ್ಣೆ, ಅದನ್ನು ಈ ಸೋಪು ಬಿಡಿಸುವುದಿಲ್ಲ. ಹಿಂದಿನ ಸೋಪಿನಲ್ಲಿ ಕ್ಷಾರ ಜಾಸ್ತಿ ಇರುತ್ತಿತ್ತು, ಆಗಿನ ಮಾತು ಇನ್ನೂ ಓಡಾಡುತ್ತಿದೆ.

ಬೂದಿ ಬೇಡ. ಸೌದೆ ಬೂದಿಗೆ ನೀರು ಸೇರಿದರೆ ಅದೇ ಕ್ಷಾರದ ನೀರು. ಎಣ್ಣೆ ಜಿಡ್ಡನ್ನು ಅದು ಚೆನ್ನಾಗಿ ಬಿಡಿಸುತ್ತದೆ ಅಂತಲೇ ಅಜ್ಜಿ ಹಿತ್ತಾಳೆ ಪಾತ್ರೆಗೆ ಹಾಕುತ್ತಿದ್ದದ್ದು. ಇಲ್ಲಿ ನಮಗೆ ಉಳಿಸಿಕೊಳ್ಳಬೇಕಾದದ್ದೇ ಆ ಜಿಡ್ಡಿನ ಪದರ. ತೆಂಗಿನ ನಾರು, ಬಿಸಿನೀರು, ಅಂಟಿಕೊಂಡ ಕಡೆ ಒಂದು ಹಿಡಿ ಕಲ್ಲುಪ್ಪು, ಇಷ್ಟು ಸಾಕು. ಸೀಗೆಪುಡಿಯೂ ಆಗುತ್ತದೆ.

ಎನಾಮಲ್ ಒಳಗೆ ಕಂದು ಕಲೆ, ಬೂದು ಗೆರೆ. ಹೋಗುತ್ತಾ?

ಕಂದು ಕಲೆಗೆ ಅರ್ಧ ಪಾತ್ರೆ ನೀರು, ಎರಡು ಚಮಚ ಅಡುಗೆ ಸೋಡ ಹಾಕಿ ಹತ್ತು ನಿಮಿಷ ಕುದಿಸಿ, ಆರಿದ ಮೇಲೆ ಮರದ ಸೌಟಿನಿಂದ ಕೆರೆಯಿರಿ. ಬೂದು ಗೆರೆ ಗೀರಲ್ಲ, ಸ್ಟೀಲ್ ಸೌಟು ಸವೆದು ಅಂಟಿದ್ದು, ಸೋಡ ಪೇಸ್ಟ್ ಹಚ್ಚಿ ಉಜ್ಜಿದರೆ ಮಾಸುತ್ತದೆ. ಸ್ಟೀಲ್ ಜುಂಗು ಬೇಡ. ಸ್ವಲ್ಪ ಕಲೆ ಉಳಿದರೆ ಬಿಟ್ಟುಬಿಡಿ.

## ಮಳೆಗಾಲ ಮತ್ತು ತುಕ್ಕು

ಮಳೆಗಾಲದಲ್ಲಿ ಎಷ್ಟು ಒರೆಸಿಟ್ಟರೂ ಮುಚ್ಚಳದೊಳಗೆ ತುಕ್ಕು ಬರುತ್ತೆ. ಏನು ಮಾಡೋದು?

ಜೂನ್‌ನಿಂದ ಸೆಪ್ಟೆಂಬರ್ ತನಕ ನಮ್ಮ ಕಡೆ ಚಪ್ಪಲಿಗೂ ಬೂಷ್ಟು, ಉಪ್ಪಿನ ಡಬ್ಬಿಯಲ್ಲೂ ನೀರು. ಬೀಡಿಗೆ ಬೇರೆ ಕಾನೂನು ಇರುತ್ತದಾ? ಬೆಂಗಳೂರಿನವರು ಹೇಳುವ ಪಾಠ ಇಲ್ಲಿ ಸಾಲುವುದಿಲ್ಲ.

ಮೊದಲನೆಯದು, ಬಟ್ಟೆಯಿಂದ ಒರೆಸಿದರೆ ಒಣಗಿತು ಅಂತಲ್ಲ. ಒಲೆ ಮೇಲೆ ಎರಡು ಮೂರು ನಿಮಿಷ ಕಾಯಿಸಿ, ಮುಚ್ಚಳವನ್ನೂ ಬೇರೆಯಾಗಿ ಕಾಯಿಸಿ. ಎಲ್ಲರೂ ಪಾತ್ರೆ ಕಾಯಿಸುತ್ತಾರೆ, ಮುಚ್ಚಳ ಬಿಡುತ್ತಾರೆ. ಹಬೆ ಕೂರುವುದು ಮುಚ್ಚಳದಲ್ಲಿ, ತುಕ್ಕು ಶುರುವಾಗುವುದೂ ಅಲ್ಲೇ. ಬೆಚ್ಚಗಿರುವಾಗ ನಾಲ್ಕು ಹನಿ ಎಣ್ಣೆ ಸವರಿ, ಒರೆಸಿ.

ಎರಡನೆಯದು, ಮುಚ್ಚಿ ಇಡಬೇಡಿ. ಅಂಚಿನಲ್ಲಿ ಮಡಿಸಿದ ಪೇಪರ್ ಇಟ್ಟು ಅದರ ಮೇಲೆ ಮುಚ್ಚಳ ಕೂರಿಸಿ, ಗಾಳಿಯಾಡಲಿ. ಒಳಗೂ ಒಂದು ಹಳೇ ಪೇಪರ್ ಉಂಡೆ ಹಾಕಿ. ಒಂದು ಆಷಾಢದಲ್ಲಿ ಮೂರು ವಾರ ಊರಿಗೆ ಹೋಗುವಾಗ ನಾನು ಧೂಳು ಬೀಳದಿರಲಿ ಅಂತ ಗಟ್ಟಿಯಾಗಿ ಮುಚ್ಚಿ, ಮೇಲೆ ಪ್ಲಾಸ್ಟಿಕ್ ಕವರ್ ಬೇರೆ ಸುತ್ತಿ ಹೋಗಿದ್ದೆ. ಬಂದು ತೆಗೆದರೆ ಒಳಗೆಲ್ಲ ಕುಂಕುಮ ಚೆಲ್ಲಿದ ಹಾಗಿತ್ತು.

ಅಟ್ಟದ ಮೇಲೆ, ಗೋಡೆ ತಣ್ಣಗಿರುವ ಮೂಲೆಯಲ್ಲಿ ಇಡಬೇಡಿ. ಸೌದೆ ಒಲೆ ಇರುವ ಮನೆಯಾದರೆ ಒಲೆಯ ಹತ್ತಿರದ ಗೂಡೇ ಅದಕ್ಕೆ ಜಾಗ. ಇಲ್ಲದಿದ್ದರೆ ದಿನಾ ಬಳಸುವ ಗ್ಯಾಸಿನ ಪಕ್ಕ ಹೊರಗೇ ಇರಲಿ. ತಿಂಗಳುಗಟ್ಟಲೆ ಬಳಸದಿದ್ದರೆ ಎಣ್ಣೆ ದಪ್ಪಗೆ ಹಚ್ಚಿಡೋಣ ಅನ್ನಿಸುತ್ತದೆ. ಬೇಡ, ಅದು ಕಮಟು ವಾಸನೆ ಬರುತ್ತದೆ. ತೆಳ್ಳಗೆ ಹಚ್ಚಿ, ಹದಿನೈದು ದಿನಕ್ಕೊಮ್ಮೆ ಕಾಯಿಸಿ ಮತ್ತೆ ಸವರಿ.

ಪೂರ್ತಿ ಕೆಂಪಗಾಗಿದೆ. ಗುಜರಿಗೆ ಹಾಕಲಾ?

ಹಾಕಬೇಡಿ, ನನಗೆ ಕೊಡಿ. ತಮಾಷೆ ಬಿಡಿ, ಬಿರುಕಿಲ್ಲದಿದ್ದರೆ ಎಂಥ ತುಕ್ಕೂ ಹೋಗುತ್ತದೆ. ಸ್ಟೀಲ್ ಜುಂಗಿನಿಂದ ಒಣಗಿರುವಾಗಲೇ ತಿಕ್ಕಿ ಪುಡಿ ಉದುರಿಸಿ. ಹಠ ಹಿಡಿದ ತುಕ್ಕಿಗೆ ಒಂದು ಪಾಲು ವಿನೆಗರ್, ಒಂದು ಪಾಲು ನೀರು ಸೇರಿಸಿ ಅರ್ಧ ಗಂಟೆ ನೆನೆಸಿ, ತಿಕ್ಕಿ. ಬೇಕಾದರೆ ಇನ್ನೊಂದು ಸಲ. ರಾತ್ರಿಯಿಡೀ ಬಿಡಬಾರದು, ತುಕ್ಕು ಮುಗಿದ ಮೇಲೆ ವಿನೆಗರ್ ಕಬ್ಬಿಣವನ್ನೇ ತಿನ್ನಲು ಶುರುಮಾಡುತ್ತದೆ. ಹುಣಸೆಹಣ್ಣಿನಿಂದಲೂ ಆಗುತ್ತದೆ, ತೋಳಿಗೆ ಕೆಲಸ ಜಾಸ್ತಿ. ತೊಳೆದ ತಕ್ಷಣ ಒಲೆ ಮೇಲಿಡಿ. ಐದು ನಿಮಿಷ ತಡಮಾಡಿದರೆ ಕಣ್ಣೆದುರೇ ಮತ್ತೆ ಕೆಂಪು ಬರುತ್ತದೆ. ಪೂರ್ತಿ ಒಣಗಿ ಬೂದು ಬಣ್ಣದ ಕಬ್ಬಿಣ ಕಂಡ ಮೇಲೆ ಹೊಸ ಪಾತ್ರೆಯ ಹಾಗೆ ಎಣ್ಣೆ ಸವರಿ, ಒರೆಸಿ, ಸುಟ್ಟು ಪಳಗಿಸಿ.

ಪಳಗಿಸಿದೆ, ಆದರೆ ಬೆಲ್ಲದ ಪಾಕದ ಹಾಗೆ ಅಂಟಂಟು.

ಎಣ್ಣೆ ಜಾಸ್ತಿ ಆಯಿತು, ಇಲ್ಲ ಬಿಸಿ ಸಾಲಲಿಲ್ಲ. ಬೋರಲು ಹಾಕಿ 230 ಡಿಗ್ರಿಯಲ್ಲಿ ಇನ್ನೊಂದು ಗಂಟೆ ಇಡಿ, ಬೇರೆ ಎಣ್ಣೆ ಹಚ್ಚಬೇಡಿ. ಆಗಲೂ ಅಂಟಿದರೆ ಬಿಸಿನೀರು, ಸೋಪು ಹಾಕಿ ತಿಕ್ಕಿ ಮೊದಲಿಂದ ಶುರುಮಾಡಿ.

## ಸ್ವಲ್ಪ ಕೈ ಪಳಗಿದವರಿಗೆ

ಬ್ರೆಡ್ ಮಾಡಲು ಇದೇ ಬೇಕು ಅಂತಾರಲ್ಲ, ಯಾಕೆ? ನಮ್ಮ ಓಟಿಜಿಗೆ ಹಿಡಿಸುತ್ತಾ?

ಹಿಟ್ಟಿನಿಂದ ಏಳುವ ಹಬೆ ಮುಚ್ಚಳದೊಳಗೇ ಉಳಿಯುತ್ತದೆ. ಮೇಲ್ಮೈ ತೇವವಾಗಿರುವ ತನಕ ಬ್ರೆಡ್ ಉಬ್ಬುತ್ತಾ ಹೋಗುತ್ತದೆ, ಆಮೇಲೆ ಮುಚ್ಚಳ ತೆಗೆದಾಗ ಗರಿಯಾಗುತ್ತದೆ. ಅಷ್ಟೇ ಗುಟ್ಟು. 500 ಗ್ರಾಂ ಹಿಟ್ಟಿನ ಉಂಡೆಗೆ, ಮೊದಲೇ ಕಾಯಿಸಿದ ಬೀಡಿನ ಪಾತ್ರೆಯಲ್ಲಿ, 230 ಡಿಗ್ರಿ, ಮುಚ್ಚಿ 25 ನಿಮಿಷ, ತೆಗೆದು 15-20 ನಿಮಿಷ.

ಕೊಳ್ಳುವ ಮುಂಚೆ ಓಟಿಜಿಯೊಳಗೆ ಅಳತೆಪಟ್ಟಿ ಹಿಡಿಯಿರಿ, ಲೀಟರ್ ಲೆಕ್ಕ ನಂಬಬೇಡಿ. ಐದು ಲೀಟರಿನ ಪಾತ್ರೆ ಮುಚ್ಚಳದ ಗುಬುಟು ಸೇರಿ 17-18 ಸೆಂಟಿಮೀಟರ್ ಎತ್ತರ, ಹಿಡಿ ಸೇರಿ ಅಗಲ 30 ದಾಟುತ್ತದೆ. ಸಣ್ಣ ಓಟಿಜಿಯಲ್ಲಿ ಮೇಲಿನ ಕಂಬಿಗೆ ತಾಗುತ್ತದೆ. ಮುಚ್ಚಳದ ಗುಬುಟು ಪ್ಲಾಸ್ಟಿಕ್‌ನಂಥದಾದರೆ ಎಷ್ಟು ಡಿಗ್ರಿ ತಡೆಯುತ್ತದೆ ಅಂತ ಚೀಟಿ ಓದಿ, ಕೆಲವು 200ಕ್ಕೇ ಸೋಲುತ್ತವೆ. ಎನಾಮಲ್ ಪಾತ್ರೆಯನ್ನು ಖಾಲಿ ಕಾಯಿಸಬಾರದಲ್ಲ, ಅದಕ್ಕೆ ಬೇಕಿಂಗ್ ಪೇಪರ್ ಮೇಲೆ ಹಿಟ್ಟಿಟ್ಟು ತಣ್ಣನೆಯ ಪಾತ್ರೆಯಲ್ಲೇ ಶುರುಮಾಡಿ, ಹತ್ತು ನಿಮಿಷ ಜಾಸ್ತಿ ಕೊಡಿ.

ಹೊರಗೆ ತೆಗೆದಿಟ್ಟ ಮುಚ್ಚಳದ ಮೇಲೆ ಒಂದು ಬಟ್ಟೆ ಹಾಕಿ. ಬಿಸಿ ಬೀಡು ತಣ್ಣಗಿರುವ ಬೀಡಿನ ಹಾಗೇ ಕಾಣುತ್ತದೆ. ಬಟ್ಟೆ ಇದ್ದರೆ ಮುಟ್ಟಬಾರದು ಅನ್ನುವುದು ನಮ್ಮ ಮನೆಯ ಗುರುತು.

ತೋಟದಲ್ಲಿ ಕೆಂಡದ ಮೇಲೆ ಮಾಡಬೇಕು. ಕಾಲಿರುವುದೇ ಬೇಕಾ?

ಎನಾಮಲ್ ಕೆಂಡಕ್ಕೆ ಬೇಡ, ಬರೀ ಬೀಡು ಮಾತ್ರ. ಮೂರು ಕಾಲು, ಮುಚ್ಚಳದ ಸುತ್ತ ಏರಿದ ಅಂಚು ಇರುವುದು ಸಿಕ್ಕರೆ ಅನುಕೂಲ. ಕೆಂಡ ಕೆಳಗೆ ಸರಿಸಬಹುದು, ಮೇಲಿಟ್ಟ ಕೆಂಡ ಉರುಳುವುದಿಲ್ಲ. ಆದರೆ ಕಾಲಿರುವುದು ಗ್ಯಾಸಿನ ಮೇಲೆ ಕೂರುವುದಿಲ್ಲ, ಓಟಿಜಿಗೂ ಕಷ್ಟ. ವರ್ಷಕ್ಕೆರಡು ಸಲ ತೋಟದಲ್ಲಿ ಮಾಡುವುದಕ್ಕೆ ಮೂರು ಕಲ್ಲು ಸಾಕು.

ಬ್ರೆಡ್, ಕಡುಬಿನಂಥದ್ದಕ್ಕೆ ಕೆಳಗೆ ಒಂದು ಪಾಲು ಕೆಂಡ, ಮುಚ್ಚಳದ ಮೇಲೆ ಎರಡು ಪಾಲು. ಸಾರು, ಮಾಂಸಕ್ಕಾದರೆ ಕೆಳಗೇ ಜಾಸ್ತಿ ಇರಲಿ. ಕವಾತು ಮಾಡಿದ ಕಾಫಿ ಗಿಡದ ಒಣಕೊರಡು ಒಳ್ಳೆ ಕೆಂಡ ಕೊಡುತ್ತದೆ. ಹತ್ತು ಹದಿನೈದು ನಿಮಿಷಕ್ಕೊಮ್ಮೆ ಪಾತ್ರೆಯನ್ನು ಕಾಲು ಸುತ್ತು ತಿರುಗಿಸಿ, ಗಾಳಿ ಬೀಸುವ ಕಡೆ ಯಾವಾಗಲೂ ಜಾಸ್ತಿ ಸೀಯುತ್ತದೆ. ಮುಚ್ಚಳ ತೆಗೆಯುವ ಮುಂಚೆ ಬೂದಿ ಊದಿ. ನಾವು ಮೊದಲ ಸಲ ಮರೆತು, ಮಟನ್‌ಗೆ ಬೂದಿಯ ಒಗ್ಗರಣೆ ಹಾಕಿದ್ದೆವು.

ಬಿರುಕು ಬಿಟ್ಟಿದೆ, ವೆಲ್ಡಿಂಗ್ ಮಾಡಿಸಬಹುದಾ? ಎನಾಮಲ್ ಚಕ್ಕೆ ಎದ್ದರೆ?

ಬೀಡಿಗೆ ವೆಲ್ಡಿಂಗ್ ನಿಲ್ಲುವುದು ಕಷ್ಟ. ಕಾಯಿಸಿ ಆರಿಸಿದ ಹಾಗೆ ಪಕ್ಕದಲ್ಲೇ ಹೊಸ ಬಿರುಕು ಬರುತ್ತದೆ. ಬೆಸುಗೆಗೆ ಹಾಕಿದ ಕಡ್ಡಿ ಅನ್ನ ತಿನ್ನುವ ಪಾತ್ರೆಗಂತ ಮಾಡಿದ್ದೂ ಅಲ್ಲ. ಅಡುಗೆಗೆ ಅದು ಮುಗಿಯಿತು.

ಎನಾಮಲ್ ಹೊರಗಡೆ ಅಥವಾ ತಳದ ಕೆಳಗೆ ಎದ್ದಿದ್ದರೆ ಬಳಸಿ, ಆ ಜಾಗಕ್ಕೆ ಆಗಾಗ ಎಣ್ಣೆ ಮುಟ್ಟಿಸಿ. ಒಳಗೆ ಎದ್ದಿದ್ದರೆ ನಿಲ್ಲಿಸಿ. ಒಮ್ಮೆ ಎದ್ದ ಕಡೆ ಅಂಚು ಸಡಿಲವಾಗಿ ಮತ್ತೆ ಮತ್ತೆ ಏಳುತ್ತದೆ, ಗಾಜಿನ ಚೂರು ಊಟದಲ್ಲಿ ಬರುವುದು ಬೇಡ. ನಮ್ಮ ಚಿಕ್ಕಮ್ಮನ ಮನೆಯಲ್ಲಿ ಅಂಥದ್ದೊಂದು ಕೆಂಪು ಪಾತ್ರೆ ಈಗ ಜಗಲಿಯ ಮೆಟ್ಟಿಲ ಮೇಲಿದೆ, ಅದರಲ್ಲಿ ಆಂಥೂರಿಯಂ ಹಾಕಿದ್ದಾರೆ. ಮುಚ್ಚಳ ಮಾತ್ರ ಚೆನ್ನಾಗಿತ್ತು, ನಾನು ತಂದು ನನ್ನ ಬಾಂಡ್ಲಿಗೆ ಮುಚ್ಚುತ್ತಿದ್ದೇನೆ.